ಮರುಗುತ್ತಿಗೆಯೂ ಮುದ್ರಾಂಕದ ತಕರಾರೂ

ಸರ್ಕಾರದ ನಿವೇಶನವನ್ನು ಗುತ್ತಿಗೆಗೆ ಪಡೆದು, ಅದರ ಮೇಲೆ ಪಾಠಶಾಲೆಯನ್ನೋ ವಿದ್ಯಾರ್ಥಿನಿಲಯವನ್ನೋ ಗಿರಣಿಯನ್ನೋ ಕಟ್ಟಿಸಿಕೊಂಡು, ಇಪ್ಪತ್ತು ಮೂವತ್ತು ವರ್ಷಗಳಿಂದ ಖಜಾನೆಗೆ ತಪ್ಪದೆ ನೆಲಬಾಡಿಗೆಯನ್ನು ಸಲ್ಲಿಸುತ್ತ ಬಂದವರು ನಮ್ಮ ಪಟ್ಟಣಗಳಲ್ಲಿ ವಿರಳರೇನಲ್ಲ. ವಾಯಿದೆ ತೀರುವ ದಿವಸ ಸಮೀಪಿಸಿದಂತೆ ಇವರನ್ನು ಎರಡು ಚಿಂತೆಗಳು ಮುತ್ತುತ್ತವೆ. ಗುತ್ತಿಗೆ ಮುಂದಕ್ಕೆ ನಡೆಯುವುದೇ ಎಂಬುದು ಒಂದು. ನಡೆದರೆ ಎಷ್ಟು ತೆರಬೇಕಾದೀತು ಎಂಬುದು ಇನ್ನೊಂದು. ಮೊದಲನೆಯದನ್ನು ಕುರಿತು ಶಾಸನಸಭೆಯಲ್ಲಿಯೂ ಪತ್ರಿಕೆಗಳಲ್ಲಿಯೂ ಆಗಾಗ ಚರ್ಚೆ ನಡೆಯುವುದುಂಟು. ಎರಡನೆಯದರ ಹೊಟ್ಟೆಯಲ್ಲಿ ಅಡಗಿಕೊಂಡಿರುವ ಮುದ್ರಾಂಕ ಶುಲ್ಕದ ತಕರಾರು ಮಾತ್ರ ವಕೀಲರ ಕೊಠಡಿಯನ್ನೂ ಉಪನೋಂದಣಾಧಿಕಾರಿಗಳ ಕಚೇರಿಯನ್ನೂ ದಾಟಿ ಹೊರಗೆ ಬಂದುದು ಕಡಿಮೆ. ಸಣ್ಣ ವಿಚಾರವೆಂದು ತೋರುವ ಈ ತಕರಾರಿನಲ್ಲಿ ಸರ್ಕಾರದ ನ್ಯಾಯಬುದ್ಧಿಯ ಪರೀಕ್ಷೆ ಇದೆಯೆಂದು ನಾವು ತಿಳಿದಿರುವುದರಿಂದ ಇಂದು ಅದನ್ನು ವಾಚಕರ ಮುಂದಿಡುತ್ತೇವೆ.

ಇಬ್ಬರು ಖಾಸಗಿ ವ್ಯಕ್ತಿಗಳು ಗುತ್ತಿಗೆಯ ಪತ್ರವನ್ನು ಬರೆದುಕೊಂಡರೆ ಸರ್ಕಾರವು ಮೂರನೆಯವನಾಗಿ ನಿಂತು ತನ್ನ ಶುಲ್ಕವನ್ನು ಕೇಳುತ್ತದೆ. ಸರ್ಕಾರದ ಜಮೀನಿನ ಸಂಗತಿ ಹಾಗಲ್ಲ. ಇಲ್ಲಿ ನೆಲದ ಒಡೆಯನು ಸರ್ಕಾರ. ಪತ್ರದ ಷರತ್ತುಗಳನ್ನು ಬರೆಯುವವನು ಸರ್ಕಾರ. ಪತ್ರವು ಎಂದು ಸಿದ್ಧವಾಗಬೇಕೆಂಬುದನ್ನು ಗೊತ್ತುಮಾಡುವವನು ಸರ್ಕಾರ. ಅದರ ಮೇಲೆ ಶುಲ್ಕವನ್ನು ಎಣಿಸುವವನೂ, ಶುಲ್ಕ ಸಾಲದೆಂದು ದಂಡವನ್ನು ಹಾಕುವವನೂ ಸರ್ಕಾರವೇ. ಹುಂಡಿ, ವಿಮಾಪತ್ರ ಮೊದಲಾದ ಕೆಲವು ಕಾಗದಗಳ ಶುಲ್ಕದ ದರವನ್ನು ನಮ್ಮ ಸಂವಿಧಾನವು ಕೇಂದ್ರಕ್ಕೆ ಬಿಟ್ಟಿದೆ. ಉಳಿದ ದಸ್ತಾವೇಜುಗಳ ದರವು ರಾಜ್ಯಪಟ್ಟಿಯ 63ನೆಯ ಅಂಶದಂತೆ ರಾಜ್ಯಗಳಿಗೆ ಸೇರಿದೆ. ಆದಕಾರಣ ಗುತ್ತಿಗೆಯ ಬಾಡಿಗೆಯೂ ಗುತ್ತಿಗೆಯ ಮುದ್ರಾಂಕವೂ ಹೋಗಿ ಬೀಳುವುದು ಒಂದೇ ಖಜಾನೆಗೆ. ಕರ್ನಾಟಕದಲ್ಲಂತೂ ನೋಂದಣಿ ಮತ್ತು ಮುದ್ರಾಂಕದ ಇಲಾಖೆಯು ಕಂದಾಯ ಇಲಾಖೆಯ ಆಡಳಿತಕ್ಕೇ ಒಳಪಟ್ಟಿದೆ. ಒಂದೇ ಮನೆಯ ಎರಡು ಕೋಣೆಗಳಲ್ಲಿ ಕುಳಿತವರು ಒಬ್ಬ ಅರ್ಜಿದಾರನಿಗೆ ಎರಡು ಬಗೆಯ ಉತ್ತರವನ್ನು ಕೊಡುವುದು ಸಾಧ್ಯವಾಗಿದೆಯೆಂದರೆ ಕಾರಣವನ್ನು ಹುಡುಕಬೇಕಾಗುತ್ತದೆ.

ಮುದ್ರಾಂಕದ ಶುಲ್ಕವು ನಮ್ಮ ನಾಡಿನ ಹಳೆಯ ತೆರಿಗೆಯಲ್ಲ. ಕಂಪನಿ ಸರ್ಕಾರದವರು 1797ರಲ್ಲಿ ಬಂಗಾಳದಲ್ಲಿ ಇದನ್ನು ಮೊದಲು ಜಾರಿಗೆ ತಂದರು. ಅದಕ್ಕೆ ಮೂರು ದಶಕಗಳಿಗೂ ಹಿಂದೆ, 1765ರಲ್ಲಿ, ಇದೇ ಶುಲ್ಕವನ್ನು ಅಮೇರಿಕದ ವಸಾಹತುಗಳ ಮೇಲೆ ಹೇರಹೋಗಿ ಇಂಗ್ಲಿಷರು ಕೈಸುಟ್ಟುಕೊಂಡಿದ್ದರು; ಮರುವರ್ಷವೇ ಅದನ್ನು ಹಿಂದಕ್ಕೆ ತೆಗೆದುಕೊಳ್ಳಬೇಕಾಯಿತು. ಭಾರತದಲ್ಲಿ ಅಂಥ ಗಲಭೆಯೇನೂ ನಡೆಯಲಿಲ್ಲ. 1899ರ ಶಾಸನವು ದೇಶದ ಬಹುಭಾಗಕ್ಕೆ ಇಂದಿಗೂ ಆಧಾರವಾಗಿದೆ. ನಮ್ಮಲ್ಲಿ ಏಕೀಕರಣವಾದೊಡನೆ, ಬೇರೆ ಬೇರೆ ಪ್ರಾಂತಗಳಿಂದ ಬಂದು ಕೂಡಿದ ಭಾಗಗಳಿಗೆಲ್ಲ ಒಂದೇ ಕ್ರಮವಿರಲೆಂದು 1957ರ ಶಾಸನವು ಹುಟ್ಟಿತು. ಅದರ ಕಲಮುಗಳು ಬಹುಮಟ್ಟಿಗೆ 1899ರದರ ಅಚ್ಚಿನಲ್ಲಿಯೇ ಇವೆ. ಛಾಪಾ ಕಾಗದವು ಹೋಗಿ ಇ-ಸ್ಟಾಂಪು ಬಂದಿದೆ, ಭಾಷೆ ಬದಲಾಗಿಲ್ಲ.

ಈ ಶಾಸನಗಳ ಮೂಲತತ್ತ್ವವನ್ನು ಮೊದಲು ನೆನಪಿನಲ್ಲಿಡತಕ್ಕದ್ದು. ಶುಲ್ಕವು ಬೀಳುವುದು ದಸ್ತಾವೇಜಿನ ಮೇಲೆ, ವ್ಯವಹಾರದ ಮೇಲಲ್ಲ. ಗುತ್ತಿಗೆದಾರನು ವಾಯಿದೆ ಮುಗಿದ ಮೇಲೆಯೂ ಸ್ಥಳದಲ್ಲಿ ಕುಳಿತು ಬಾಡಿಗೆಯನ್ನು ಕಟ್ಟುತ್ತಿದ್ದರೆ, ಸರ್ಕಾರವು ರಸೀದಿಯನ್ನು ಕೊಡುತ್ತಿದ್ದರೆ, ಅಲ್ಲಿ ವ್ಯವಹಾರವಿದೆ; ಪತ್ರವಿಲ್ಲ. ಪತ್ರವಿಲ್ಲದ ಕಡೆ ಗುತ್ತಿಗೆಯ ಮುದ್ರಾಂಕವೂ ಇಲ್ಲ. ಯಾವ ದಿವಸ ಪತ್ರಕ್ಕೆ ಸಹಿ ಬೀಳುತ್ತದೆಯೋ ಆ ದಿವಸದ ದರವು ಅನ್ವಯಿಸುತ್ತದೆ. ಒಂದು ವರ್ಷಕ್ಕೆ ಮೀರಿದ ಗುತ್ತಿಗೆಯನ್ನು 1908ರ ನೋಂದಣಿ ಶಾಸನದ 17ನೆಯ ಕಲಮಿನಂತೆ ಸಾಮಾನ್ಯವಾಗಿ ನೋಂದಣಿ ಮಾಡಿಸಲೇಬೇಕಾಗಿರುವುದರಿಂದ, ಪತ್ರವೇ ಬೇಡವೆಂದು ಕುಳಿತುಕೊಳ್ಳುವುದು ವಿವೇಕವಲ್ಲ. ಬ್ಯಾಂಕಿನಿಂದ ಸಾಲ ಬೇಕೆಂದಾಗ, ಕಟ್ಟಡದ ಪರವಾನಗಿ ಬೇಕೆಂದಾಗ, ಕೋರ್ಟಿನ ಮೆಟ್ಟಿಲನ್ನು ಹತ್ತಬೇಕೆಂದಾಗ ಪತ್ರವಿಲ್ಲದವನು ಬರಿಗೈಯವನಾಗುತ್ತಾನೆ.

ಶುಲ್ಕವನ್ನು ಯಾರು ಕೊಡಬೇಕೆಂಬ ತಕರಾರನ್ನು ನಾವು ಬೇಗನೆ ದಾಟಿಬಿಡಬಹುದು. ಸರ್ಕಾರವು ಶುಲ್ಕವನ್ನು ಕೊಡಬೇಕಾದ ಸಂದರ್ಭದಲ್ಲಿ ಮಾತ್ರ ಶಾಸನದ 3ನೆಯ ಕಲಮು ವಿನಾಯಿತಿಯನ್ನು ಕೊಡುತ್ತದೆ. ಗುತ್ತಿಗೆಯ ಶುಲ್ಕವನ್ನು ಬೇರೆ ಕರಾರಿಲ್ಲದಿದ್ದರೆ ಗುತ್ತಿಗೆದಾರನೇ ಕೊಡತಕ್ಕದ್ದೆಂದು ಅದೇ ಶಾಸನವು ಹೇಳುತ್ತದೆ. ಎರಡನ್ನೂ ಕೂಡಿಸಿ ಓದಿದರೆ, ಸರ್ಕಾರವು ಒಡೆಯನಾಗಿರುವ ಮಾತ್ರದಿಂದ ಗುತ್ತಿಗೆದಾರನಿಗೆ ವಿನಾಯಿತಿ ಒದಗುವುದಿಲ್ಲವೆಂಬುದು ಸ್ಪಷ್ಟ. ಸರ್ಕಾರಿ ಕಂಪನಿಗಳೂ ನಿಗಮಗಳೂ ತಾವೂ ಸರ್ಕಾರವೇ ಅಲ್ಲವೆ ಎಂದು ಕೇಳುವುದುಂಟು. ಷೇರುಗಳೆಲ್ಲ ಸರ್ಕಾರದವೇ ಆಗಿದ್ದರೂ ಕಂಪನಿಯು ಬೇರೆಯ ವ್ಯಕ್ತಿಯೆಂದೂ, ಸರ್ಕಾರದ ಸ್ವತ್ತಿಗೆ ಇರುವ ತೆರಿಗೆಯ ವಿನಾಯಿತಿ ಅದಕ್ಕೆ ಸಲ್ಲದೆಂದೂ ಸುಪ್ರೀಂ ಕೋರ್ಟು 1999ರಲ್ಲಿ ಆಂಧ್ರಪ್ರದೇಶದ ಒಂದು ಭೂತೆರಿಗೆಯ ವ್ಯಾಜ್ಯದಲ್ಲಿ ಹೇಳಿದೆ. ಮುದ್ರಾಂಕಕ್ಕೂ ಆ ತರ್ಕವನ್ನು ಹಚ್ಚುವುದು ಕಷ್ಟವಲ್ಲ.

ನಿಜವಾದ ಸಿಕ್ಕು ಇರುವುದು ನವೀಕರಣವೆಂಬ ಮಾತಿನಲ್ಲಿ. ಹಳೆಯ ಗುತ್ತಿಗೆಯನ್ನೇ ಇನ್ನಷ್ಟು ಕಾಲ ಎಳೆದರೆ ಅದು ಮುಂದುವರಿಕೆ. ಹಳೆಯದು ಮುಗಿದು ಅದೇ ಷರತ್ತುಗಳ ಮೇಲೆ ಬೇರೊಂದು ಹುಟ್ಟಿದರೆ ಅದು ನವೀಕರಣ. ಜನರ ಮಾತಿನಲ್ಲಿ ಈ ಎರಡಕ್ಕೂ ಭೇದವಿಲ್ಲ. ನ್ಯಾಯಾಲಯದಲ್ಲಿ ಭೇದವಿದೆ. ಸುಪ್ರೀಂ ಕೋರ್ಟು 1989ರಲ್ಲಿ ಒಮ್ಮೆ ಹೇಳಿದ್ದ ಈ ಮಾತನ್ನು 2003ರ ಇನ್ನೊಂದು ತೀರ್ಪಿನಲ್ಲಿ ಬಿಡಿಸಿ ಹೇಳಿತು. ಆ ಎರಡನೆಯ ವ್ಯಾಜ್ಯವು ಅಲಹಾಬಾದಿನ ಸಿವಿಲ್ ಸ್ಟೇಷನ್ನಿನ ಸರ್ಕಾರಿ ನೆಲಕ್ಕೆ ಸಂಬಂಧಿಸಿದ್ದು. ಬ್ರಿಟಿಷ್ ಸರ್ಕಾರವು ಬಂಗಲೆಯೊಂದಕ್ಕಾಗಿ ಐವತ್ತು ವರ್ಷಕ್ಕೆಂದು ಕೊಟ್ಟು, ಮತ್ತೆ ಐವತ್ತು ವರ್ಷಕ್ಕೆ ನವೀಕರಿಸಿದ್ದ ಸ್ಥಳ. ಮುಂದುವರಿಕೆಯಲ್ಲಿ ಮೂಲಪತ್ರವೇ ಜೀವಂತವಾಗಿರುತ್ತದೆ, ನವೀಕರಣದಲ್ಲಾದರೋ ಹೊಸ ಗುತ್ತಿಗೆ ಹುಟ್ಟುತ್ತದೆ ಎಂಬುದು ಅಲ್ಲಿಯ ನಿರ್ಣಯದ ಸಾರ. ಹೊಸ ಗುತ್ತಿಗೆಯೆಂದ ಮೇಲೆ ಹೊಸ ಪತ್ರ ಬೇಕು. ಹೊಸ ಪತ್ರವೆಂದ ಮೇಲೆ ಹೊಸ ಮುದ್ರಾಂಕ ಬೇಕು. ಇಷ್ಟರಮಟ್ಟಿಗೆ ಸರ್ಕಾರದ ವಾದಕ್ಕೆ ಬಲವುಂಟೆಂದು ನಾವು ಒಪ್ಪುತ್ತೇವೆ.

ಆದರೆ ಮೂಲಪತ್ರದಲ್ಲಿಯೇ ನವೀಕರಣದ ಷರತ್ತು ಬರೆದಿದ್ದರೆ ಏನಾಗುತ್ತದೆಂಬುದನ್ನು ನೋಡಬೇಕು. ಮಹಾರಾಷ್ಟ್ರದ ಮುದ್ರಾಂಕ ಶಾಸನದ 36ನೆಯ ಅನುಚ್ಛೇದದಲ್ಲಿ, ಪತ್ರದಲ್ಲಿ ನಿರ್ದಿಷ್ಟವಾಗಿ ಹೇಳಿದ ನವೀಕರಣದ ಅವಧಿಯನ್ನೂ ಮೊದಲಿನ ಗುತ್ತಿಗೆಯ ಭಾಗವೆಂದೇ ಎಣಿಸತಕ್ಕದ್ದೆಂಬ ವಿವರಣೆಯಿದೆ. ಅವಧಿಯು 5 ವರ್ಷವನ್ನು ದಾಟದಿದ್ದರೆ ಪೇಟೆಯ ಬೆಲೆಯ ನೂರಕ್ಕೆ 10 ಭಾಗದ ಮೇಲೆ, 10 ವರ್ಷದವರೆಗೆ 25 ಭಾಗದ ಮೇಲೆ, 29 ವರ್ಷದವರೆಗೆ 50 ಭಾಗದ ಮೇಲೆ, ಅದನ್ನು ಮೀರಿದರೆ 90 ಭಾಗದ ಮೇಲೆ ಅಲ್ಲಿ ಶುಲ್ಕವನ್ನು ಕಟ್ಟುತ್ತಾರೆ. ಹೀಗಾಗಿ ಇಪ್ಪತ್ತು ವರ್ಷದ ಗುತ್ತಿಗೆಗೆ ಇನ್ನಿಪ್ಪತ್ತು ವರ್ಷದ ನವೀಕರಣದ ಆಶ್ವಾಸನೆಯನ್ನು ಬರೆಯಿಸಿಕೊಂಡವನು ನಾಲ್ವತ್ತು ವರ್ಷದ ಶುಲ್ಕವನ್ನು ಮೊದಲೇ ತೆತ್ತಿರುತ್ತಾನೆ. ಅಂಥವನು ಇಪ್ಪತ್ತು ವರ್ಷ ಕಳೆದ ಮೇಲೆ ನವೀಕರಣದ ಪತ್ರವನ್ನು ಹಿಡಿದು ಹೋದರೆ ಮತ್ತೆ ಪೂರ್ಣ ಶುಲ್ಕವನ್ನು ಕೇಳುವುದು ಒಂದೇ ಗೋಣಿಯನ್ನು ಎರಡು ಸಲ ಅಳೆದಂತೆ. ಹೊಸ ಗುತ್ತಿಗೆಯೆಂಬ ಸಿದ್ಧಾಂತವೂ ಹಳೆಯದರ ಭಾಗವೆಂಬ ಸಿದ್ಧಾಂತವೂ ಒಂದೇ ಪತ್ರದ ವಿಷಯದಲ್ಲಿ ಸರ್ಕಾರದ ಲಾಭಕ್ಕೆ ತಕ್ಕಂತೆ ಸರದಿಯ ಮೇಲೆ ಉಪಯೋಗವಾಗಬಾರದು.

ಇನ್ನೊಂದು ಬಲೆಯುಂಟು. ಗುತ್ತಿಗೆಯೆಂದರೆ ಮುದ್ರೆಯೊತ್ತಿದ ದೊಡ್ಡ ದಸ್ತಾವೇಜೆಂದೇ ಜನರು ತಿಳಿದಿದ್ದಾರೆ. 1899ರ ಶಾಸನದ ವ್ಯಾಖ್ಯೆಯಂತೆ ಪಟ್ಟಾ, ಕಬೂಲಿಯತ್ತುಗಳು ಮಾತ್ರವಲ್ಲ, ಗುತ್ತಿಗೆಯನ್ನು ಬೇಡಿದ ಅರ್ಜಿಯ ಮೇಲೆ 'ಮಂಜೂರಾಗಿದೆ' ಎಂದು ಸೂಚಿಸುವ ಬರಹವೂ ಗುತ್ತಿಗೆಯೇ. ಆದ್ದರಿಂದ ಸರ್ಕಾರದಿಂದ ಮರುಗುತ್ತಿಗೆಯ ಮಂಜೂರಾತಿ ಪತ್ರವು ಬಂದಿತೆಂದು ಹಿಗ್ಗಿ ಅದನ್ನು ಬೀರುವಿನಲ್ಲಿ ಇಟ್ಟುಕೊಂಡ ಸಂಘವು, ಮುಂದೊಂದು ದಿವಸ ಆ ಕಾಗದವನ್ನೇ ಸಾಕ್ಷ್ಯಕ್ಕೆ ಹಾಜರುಮಾಡಿದಾಗ ಇದಕ್ಕೆ ಮುದ್ರಾಂಕವೆಲ್ಲಿ ಎಂಬ ಪ್ರಶ್ನೆಯನ್ನು ಎದುರಿಸಬೇಕಾದೀತು. ಕಾಗದವನ್ನು ಬರೆದು ಕಳುಹಿಸಿದ ಕಚೇರಿಯು ಅದರಲ್ಲಿ ಮುದ್ರಾಂಕದ ಮಾತನ್ನೇ ಎತ್ತಿರದಿದ್ದರೂ ಪ್ರಶ್ನೆ ತಪ್ಪುವುದಿಲ್ಲ.

ಇನ್ನು ನಮ್ಮ ಮುಖ್ಯ ಆಕ್ಷೇಪಣೆಗೆ ಬರುತ್ತೇವೆ. ಅದು ವಿಳಂಬದ ವಿಷಯ. ಸರ್ಕಾರದ ಜಮೀನಿನ ಗುತ್ತಿಗೆಗಳು ಮುಗಿದ ದಿವಸದಂದೇ ನವೀಕರಣವಾದ ಉದಾಹರಣೆಯನ್ನು ಕೊಡಬಲ್ಲವರು ಯಾರು? ಮುಂಬಯಿಯ ಮಹಾಲಕ್ಷ್ಮಿ ಕುದುರೆಪಂದ್ಯದ ಮೈದಾನದ ಗುತ್ತಿಗೆಯು 2013ರ ಮೇ 31ಕ್ಕೆ ತೀರಿತು. ಆ ನೆಲದಲ್ಲಿ ಒಂದು ಪಾಲು ನಗರಸಭೆಯದು, ದೊಡ್ಡ ಪಾಲು ರಾಜ್ಯಸರ್ಕಾರದ್ದು. ಮೈದಾನದ ಒಂದು ಭಾಗವನ್ನು ಉದ್ಯಾನಕ್ಕೆಂದು ಬಿಡಿಸಿಕೊಂಡು ಮಿಕ್ಕುದನ್ನು 2053ರವರೆಗೆ ಕೊಡಬೇಕೆಂಬ ತೀರ್ಮಾನವಾದದ್ದು 2024ರಲ್ಲಿ. ಬೆಂಗಳೂರಿನ ಪಂದ್ಯದ ಮೈದಾನದ ಗುತ್ತಿಗೆಯು 2009ರ ಕೊನೆಗೆ ಮುಗಿಯಿತು. ಆ ವ್ಯಾಜ್ಯವು ಸುಪ್ರೀಂ ಕೋರ್ಟಿನವರೆಗೆ ಹೋಯಿತು. ಲಕ್ಷಾಂತರ ಜನರ ಕಣ್ಣಿನ ಮುಂದಿರುವ ಮೈದಾನಗಳ ಗತಿಯೇ ಹೀಗಾದರೆ, ತಾಲ್ಲೂಕು ಕಸಬೆಯ ಒಂದು ವಾಚನಾಲಯದ ಕಡತವು ಯಾವ ಗೂಡಿನಲ್ಲಿ ಮಲಗಿದೆಯೆಂದು ವಿಚಾರಿಸುವವರು ಯಾರಿದ್ದಾರೆ?

ಅದರ ಫಲವನ್ನು ಒಂದು ಲೆಕ್ಕದಿಂದ ತೋರಿಸುತ್ತೇವೆ. ಲೆಕ್ಕವು ನಮ್ಮ ಊಹೆಯದು, ಕ್ರಮವು ಶಾಸನದ್ದು. ಒಂದು ವಿದ್ಯಾಸಂಸ್ಥೆಯ ಗುತ್ತಿಗೆಯು 1995ರಲ್ಲಿ ಮುಗಿಯಿತೆನ್ನೋಣ. ಸಂಸ್ಥೆಯವರು ಅದಕ್ಕೆ ಮೊದಲೇ ಅರ್ಜಿಯನ್ನು ಹಾಕಿದರು. ಅಮಲ್ದಾರರ ವರದಿ, ಭೂಮಾಪಕರ ನಕ್ಷೆ, ಜಿಲ್ಲಾಧಿಕಾರಿಗಳ ಶಿಫಾರಸು, ಕಾರ್ಯದರ್ಶಿಗಳ ಪ್ರಶ್ನೆ, ಪ್ರಶ್ನೆಗೆ ಉತ್ತರ, ಉತ್ತರಕ್ಕೆ ಮರುಪ್ರಶ್ನೆ ಎಲ್ಲವೂ ಆಗಿ 1995ರಿಂದ ಅನ್ವಯಿಸುವಂತೆ 50 ವರ್ಷದ ಮರುಗುತ್ತಿಗೆಯು 2020ರಲ್ಲಿ ಮಂಜೂರಾಯಿತು. ನಿವೇಶನದ ಬೆಲೆಯು 1995ರಲ್ಲಿ 4 ಲಕ್ಷ ರೂಪಾಯಿ ಇದ್ದದ್ದು 2020ರಲ್ಲಿ 1 ಕೋಟಿ 20 ಲಕ್ಷವಾಗಿತ್ತು. ಕರ್ನಾಟಕದ ಶಾಸನದಲ್ಲಿ ಗುತ್ತಿಗೆಯು ಮೂವತ್ತು ವರ್ಷವನ್ನು ಮೀರಿದರೆ ಅದನ್ನು ಕ್ರಯಪತ್ರದ ಸಾಲಿಗೆ ಸೇರಿಸಿ ಪೇಟೆಯ ಬೆಲೆಯ ಮೇಲೆ ಶುಲ್ಕವನ್ನು ಎಣಿಸುವ ಕ್ರಮವಿದೆ. ನೂರಕ್ಕೆ 5ರಂತೆ ಹಿಡಿದರೆ, ಸಕಾಲಕ್ಕೆ ಪತ್ರವಾಗಿದ್ದಲ್ಲಿ 20 ಸಾವಿರ ರೂಪಾಯಿಗಳಿಗೆ ಮುಗಿಯಬಹುದಾಗಿದ್ದದ್ದು ಈಗ 6 ಲಕ್ಷವಾಯಿತು. ಹೆಚ್ಚಾದ 5 ಲಕ್ಷ 80 ಸಾವಿರವು ಯಾವುದರ ಬೆಲೆ? ಸಂಸ್ಥೆಯು ಪಡೆದ ಯಾವ ಹೊಸ ಹಕ್ಕಿನ ಬೆಲೆಯೂ ಅಲ್ಲ. ಸರ್ಕಾರವು ಇಪ್ಪತ್ತೈದು ವರ್ಷ ಉತ್ತರವನ್ನು ಕೊಡದೆ ಕುಳಿತುದಕ್ಕೆ ಅರ್ಜಿದಾರನು ತೆತ್ತ ಬೆಲೆ.

ವಿಪರೀತವು ಇಲ್ಲಿಗೇ ನಿಲ್ಲುವುದಿಲ್ಲ. ಸಹಿ ಬಿದ್ದ ದಿವಸಕ್ಕೆ ಐವತ್ತರಲ್ಲಿ ಇಪ್ಪತ್ತೈದು ವರ್ಷಗಳು ಕಳೆದುಹೋಗಿವೆ. ಆ ಇಪ್ಪತ್ತೈದು ವರ್ಷಗಳನ್ನು ಅನುಭವಿಸಿದ್ದು ಆಗಿನ ಬೆಲೆಯ ಕಾಲದಲ್ಲಿ; ಮುಂದೆ ಅನುಭವಿಸಲು ಉಳಿದಿರುವುದು ಇಪ್ಪತ್ತೈದೇ ವರ್ಷ. ಶುಲ್ಕವಾದರೋ ಇಂದಿನ ಬೆಲೆಯ ಮೇಲೆ, ಮೂವತ್ತನ್ನು ಮೀರಿದ ಪೂರ್ಣಾವಧಿಯ ದರದಲ್ಲಿ. ಹಿಂದಿನಿಂದ ಜಾರಿಗೆ ಬರುವ ಗುತ್ತಿಗೆಯನ್ನು ಇಂದಿನಿಂದ ಆರಂಭವಾಗುವ ಇಪ್ಪತ್ತೈದು ವರ್ಷದ್ದಾಗಿ ಬರೆದಿದ್ದರೆ ಅದು ಮೂವತ್ತರ ಗೆರೆಯೊಳಗೆ ನಿಂತು ಬಾಡಿಗೆ ಮತ್ತು ಮುಂಗಡಗಳ ಮೇಲಿನ ಹಗುರವಾದ ಶುಲ್ಕಕ್ಕೆ ಒಳಪಡುತ್ತಿತ್ತು. ಗುಮಾಸ್ತನ ಲೇಖನಿಯ ಒಂದು ವಾಕ್ಯದಿಂದ ಇಷ್ಟು ಅಂತರ! ಇದನ್ನು ಬಲ್ಲ ವಕೀಲನನ್ನು ಇಟ್ಟುಕೊಳ್ಳುವ ಶಕ್ತಿಯಿರುವವನು ಪಾರಾಗುತ್ತಾನೆ. ಮಿಕ್ಕವರು ಕಟ್ಟುತ್ತಾರೆ, ಇಲ್ಲವೆ ಪತ್ರವನ್ನು ನೋಂದಣಿ ಮಾಡಿಸದೆ ಬಿಡುತ್ತಾರೆ.

ಬಿಟ್ಟವರ ಪಾಡು ಇನ್ನೂ ಕಠಿಣ. ಕರ್ನಾಟಕದ ಶಾಸನದ 34ನೆಯ ಕಲಮಿನಂತೆ ಮುದ್ರಾಂಕ ಸಾಲದ ಪತ್ರವನ್ನು ಕೋರ್ಟು ಸಾಕ್ಷ್ಯವಾಗಿ ತೆಗೆದುಕೊಳ್ಳಬೇಕಾದರೆ ಕೊರತೆಯ ಶುಲ್ಕದೊಡನೆ ಹತ್ತು ಪಾಲು ದಂಡವೂ ಬೀಳಬೇಕು. ವಿಚಾರಣೆ ಮಾಡುವ ನ್ಯಾಯಾಧೀಶರಿಗೆ ಇದನ್ನು ಕಡಿಮೆಮಾಡುವ ಅಧಿಕಾರವಿಲ್ಲವೆಂದು ನಮ್ಮ ರಾಜ್ಯದಿಂದಲೇ ಹೋದ ಒಂದು ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು 2018ರ ಡಿಸೆಂಬರಿನಲ್ಲಿ ತೀರ್ಮಾನಿಸಿತು. ಆ ವಿವೇಚನೆ ಇರುವುದು 39ನೆಯ ಕಲಮಿನ ಮೇರೆಗೆ ಡೆಪ್ಯುಟಿ ಕಮೀಷನರಿಗೆ ಮಾತ್ರ. 2023ರ ಡಿಸೆಂಬರಿನಲ್ಲಿ ಏಳು ನ್ಯಾಯಾಧೀಶರ ಪೀಠವು, ಮುದ್ರಾಂಕವಿಲ್ಲದ ಪತ್ರವು ಶೂನ್ಯವಲ್ಲ, ಅದು ಸಾಕ್ಷ್ಯಕ್ಕೆ ಸಲ್ಲದೆಂಬುದಷ್ಟೇ ದೋಷ, ದೋಷವು ಪರಿಹಾರವಾಗತಕ್ಕದ್ದು ಎಂದು ಹೇಳಿರುವುದು ಸಮಾಧಾನದ ಸಂಗತಿ. ಆದರೆ ಪರಿಹಾರದ ಖರ್ಚು ಮೂಲ ಶುಲ್ಕದ ಹನ್ನೊಂದು ಪಾಲಾದರೆ, ಸಣ್ಣ ಸಂಸ್ಥೆಗೆ ಆ ಸಮಾಧಾನದಿಂದ ಪ್ರಯೋಜನವೇನು?

ನಾವು ಗುತ್ತಿಗೆದಾರರ ವಕಾಲತ್ತನ್ನು ವಹಿಸಿದ್ದೇವೆಂದು ಯಾರೂ ಭಾವಿಸಬಾರದು. ಸರ್ಕಾರದ ಜಮೀನು ಪ್ರಜೆಗಳ ಸ್ವತ್ತು. ಪಟ್ಟಣದ ನಟ್ಟನಡುವೆ ಎಕರೆಗಟ್ಟಲೆ ನೆಲವನ್ನು ಹಿಂದಿನ ಕಾಲದ ಅಲ್ಪ ಬಾಡಿಗೆಗೆ ಅನುಭವಿಸುತ್ತ, ವಾಯಿದೆ ಮುಗಿದ ಮೇಲೆ ವ್ಯಾಜ್ಯದ ನೆರಳಿನಲ್ಲಿ ವರ್ಷಗಳನ್ನು ನೂಕುವ ಶ್ರೀಮಂತರಿದ್ದಾರೆ. ಅವರಿಗೆ ವಿಳಂಬವೇ ಲಾಭ. ಹೊಸ ಪತ್ರವಾದರೆ ಹೊಸ ಬಾಡಿಗೆ ಬರುತ್ತದೆ. ಪತ್ರದಲ್ಲಿ ಬಾಡಿಗೆಯನ್ನು ಕಡಿಮೆ ತೋರಿಸಿ ಬೇರೆ ಹೆಸರಿನಲ್ಲಿ ಹಣವನ್ನು ಕೊಡುವ ಚತುರರೂ ಇದ್ದಾರೆ. ಇಂಥವರ ಮೇಲೆ ಶಾಸನದ ದಂಡ ಬೀಳುವುದಾದರೆ ನಮಗೆ ದುಃಖವಿಲ್ಲ. ವಾಯಿದೆಯೊಳಗೆ ಅರ್ಜಿ ಹಾಕಿ, ಕೇಳಿದ ಕಾಗದಗಳನ್ನೆಲ್ಲ ಒದಗಿಸಿ, ಬಾಡಿಗೆಯನ್ನು ತಪ್ಪಿಸದೆ ಕಾದವನನ್ನೂ ಇವರನ್ನೂ ಒಂದೇ ತಕ್ಕಡಿಯಲ್ಲಿ ತೂಗುವುದಕ್ಕೆ ಮಾತ್ರ ನಮ್ಮ ಆಕ್ಷೇಪ.

ಶುಲ್ಕವನ್ನು ಕಟ್ಟಿದ ಮಾತ್ರಕ್ಕೆ ನವೀಕರಣವು ಹಕ್ಕಾಗಿ ಬರುವುದಿಲ್ಲವೆಂಬುದಕ್ಕೆ ನೆರೆಯ ಗೋವೆಯ ಗಣಿಗಳ ಕಥೆ ಸಾಕ್ಷಿ. ಗಣಿಯ ಗುತ್ತಿಗೆಗೆ ಬೇರೆಯೇ ಕಾನೂನುಂಟು. ಆದರೆ ಮುದ್ರಾಂಕವನ್ನು ಕುರಿತ ಪಾಠವು ಎಲ್ಲ ಗುತ್ತಿಗೆಗೂ ಸಲ್ಲುತ್ತದೆ. ಪೋರ್ತುಗೀಸರು ಕೊಟ್ಟಿದ್ದ ಗಣಿಯ ಹಕ್ಕುಗಳನ್ನು ಕೇಂದ್ರದ 1987ರ ಶಾಸನವು ಗುತ್ತಿಗೆಗಳಾಗಿ ಮಾರ್ಪಡಿಸಿತು. ಅವುಗಳ ಮೊದಲ ನವೀಕರಣದ ಅವಧಿಯು 2007ರ ನವೆಂಬರ್ 22ಕ್ಕೆ ತೀರಿತು. ಅನಂತರವೂ ಗಣಿ ನಡೆಯಿತು. ಗೋವೆಯ ಸರ್ಕಾರವು ಮುದ್ರಾಂಕದ ಶಾಸನಕ್ಕೆ ತಿದ್ದುಪಡಿ ತಂದು, ಎರಡನೆಯ ನವೀಕರಣಕ್ಕಾಗಿ ಗುತ್ತಿಗೆದಾರರಿಂದ ಶುಲ್ಕವನ್ನು ಕಟ್ಟಿಸಿಕೊಂಡಿತು. 2007ರ ಆಚೆಗೆ ನಡೆದ ಗಣಿಗಾರಿಕೆಯು ಕಾನೂನಿಗೆ ಹೊರತಾದದ್ದೆಂದು ಸುಪ್ರೀಂ ಕೋರ್ಟು 2014ರ ಏಪ್ರಿಲಿನಲ್ಲಿ ಹೇಳಿತು. ಅದೇ ವರ್ಷದ ಆಗಸ್ಟಿನಲ್ಲಿ ಹೈಕೋರ್ಟು, ಶುಲ್ಕವನ್ನು ಕಟ್ಟಿದವರಿಗೆ ಪತ್ರವನ್ನು ಬರೆದುಕೊಡಬೇಕೆಂದು ಆಜ್ಞಾಪಿಸಿತು. ಸರ್ಕಾರವು ಅವಸರವಸರವಾಗಿ 88 ಗುತ್ತಿಗೆಗಳನ್ನು ನವೀಕರಿಸಿತು. ಗಣಿಗಳನ್ನು ಹರಾಜಿನಿಂದಲೇ ಕೊಡಬೇಕೆಂಬ ಕೇಂದ್ರದ ಸುಗ್ರೀವಾಜ್ಞೆಯು ಹೊರಟ 2015ರ ಜನವರಿ 12ರಂದು ಕೂಡ ಅವುಗಳಲ್ಲಿ ಕೆಲವಕ್ಕೆ ಮಂಜೂರಾತಿ ಸಿಕ್ಕಿತು. 2018ರ ಫೆಬ್ರವರಿ 7ರಂದು ಸುಪ್ರೀಂ ಕೋರ್ಟು ಅಷ್ಟನ್ನೂ ರದ್ದುಮಾಡಿತು.

ಈ ಕಥೆಯಲ್ಲಿ ಗಣಿಯ ಒಡೆಯರ ಆತುರವೂ ಇದೆ, ಸರ್ಕಾರದ ಆತುರವೂ ಇದೆ. ಆದರೆ ಮೂಲದೋಷವು ಕ್ರಮದಲ್ಲಿದೆ. ಕೊಡಬೇಕೋ ಕೂಡದೋ ಎಂಬುದನ್ನು ಮೊದಲು ತೀರ್ಮಾನಿಸಿ, ಬಳಿಕ ಶುಲ್ಕವನ್ನು ಕೇಳಬೇಕಾಗಿತ್ತು. ಗೋವೆಯಲ್ಲಿ ಶುಲ್ಕವು ಮೊದಲು ಬಂದು, ತೀರ್ಮಾನವು ಅದರ ಹಿಂದೆ ಎಳೆಯಲ್ಪಟ್ಟಿತು. ನಮ್ಮ ಪಟ್ಟಣಗಳಲ್ಲಿ ತೀರ್ಮಾನವು ಮೊದಲು ಬರುತ್ತದೆ. ಶುಲ್ಕದ ಲೆಕ್ಕ ಮಾತ್ರ ಯಾರಿಗೂ ತಿಳಿಯದ ಗುಟ್ಟಾಗಿ ಉಳಿಯುತ್ತದೆ.

ಈ ಗುಟ್ಟನ್ನು ಒಡೆಯುವುದಕ್ಕೆ ಹೊಸ ಶಾಸನವೇನೂ ಬೇಕಾಗಿಲ್ಲ. ಇರುವ ಶಾಸನದ 31ನೆಯ ಕಲಮಿನಲ್ಲಿ, ಸಹಿಯಾಗಿರಲಿ ಆಗದಿರಲಿ, ಯಾವುದೇ ಪತ್ರವನ್ನು ಡೆಪ್ಯುಟಿ ಕಮೀಷನರ ಮುಂದಿಟ್ಟು ಅದಕ್ಕೆ ತಕ್ಕ ಮುದ್ರಾಂಕವೆಷ್ಟೆಂದು ಅಭಿಪ್ರಾಯವನ್ನು ಕೇಳುವ ಅವಕಾಶವಿದೆ. ಈ ಕೆಲಸವನ್ನು ಈಗ ಜಿಲ್ಲಾ ನೋಂದಣಾಧಿಕಾರಿಗಳು ಮಾಡುತ್ತಾರೆ. ಖಾಸಗಿಯವರು ತಮ್ಮ ಪತ್ರಗಳಿಗಾಗಿ ಇದನ್ನು ಉಪಯೋಗಿಸಿಕೊಳ್ಳುವುದುಂಟು. ಸರ್ಕಾರವು ತಾನೇ ಒಡೆಯನಾಗಿರುವ ಪ್ರತಿಯೊಂದು ಮರುಗುತ್ತಿಗೆಯ ಕರಡನ್ನೂ ಗುತ್ತಿಗೆದಾರನ ಕೈಗೆ ಕೊಡುವ ಮೊದಲು ಈ ಅಧಿಕಾರಿಗೆ ಕಳುಹಿಸಿ, ಶುಲ್ಕದ ಮೊತ್ತವನ್ನು ಗೊತ್ತುಮಾಡಿಸಿ, ಅದನ್ನು ಮಂಜೂರಾತಿ ಪತ್ರದಲ್ಲಿಯೇ ಬರೆಯುವುದಕ್ಕೆ ಅಡ್ಡಿಯೇನು? ಒಂದು ಕೋಣೆಯಿಂದ ಪಕ್ಕದ ಕೋಣೆಗೆ ಕಾಗದವು ಹೋಗಬೇಕು, ಅಷ್ಟೆ. ಹಾಗೆ ಗೊತ್ತಾದ ಶುಲ್ಕವನ್ನು ಕಟ್ಟಿ ಪ್ರಮಾಣಲೇಖನವನ್ನು ಪಡೆದವನನ್ನು ಮುಂದೆ ಯಾವ ಲೆಕ್ಕಪರಿಶೋಧಕನ ಟಿಪ್ಪಣಿಯೂ ಬಾಧಿಸಲಾರದು.

ಎರಡನೆಯದು ವಿಳಂಬದ ಹೊರೆ. ಶಾಸನದ 9ನೆಯ ಕಲಮು ಸರ್ಕಾರಕ್ಕೆ ಶುಲ್ಕವನ್ನು ಇಳಿಸುವ ಅಥವಾ ಬಿಟ್ಟುಕೊಡುವ ಅಧಿಕಾರವನ್ನು ಕೊಟ್ಟಿದೆ. ವಾಯಿದೆಗೆ ಮೊದಲೇ ಅರ್ಜಿ ಬಂದಿದ್ದು, ಬಾಡಿಗೆಯು ಸಂದಿದ್ದು, ತಡವು ಕಚೇರಿಗಳಲ್ಲಿಯೇ ಆಗಿದ್ದರೆ, ನವೀಕರಣವು ನ್ಯಾಯವಾಗಿ ಆಗಬೇಕಾಗಿದ್ದ ದಿವಸದ ಬೆಲೆಯ ಮೇಲೆ ಮಾತ್ರ ಶುಲ್ಕವನ್ನು ಎಣಿಸತಕ್ಕದ್ದೆಂದು ಈ ಕಲಮಿನ ಮೇರೆಗೆ ಒಂದು ಸಾಮಾನ್ಯ ಆಜ್ಞೆಯನ್ನು ಹೊರಡಿಸಬೇಕೆಂದು ನಾವು ಒತ್ತಾಯಪಡಿಸುತ್ತೇವೆ. ಒಬ್ಬೊಬ್ಬರ ಅರ್ಜಿಯ ಮೇಲೆ ಒಂದೊಂದು ರಿಯಾಯಿತಿಯೆಂದಾದರೆ ಶಿಫಾರಸಿನ ಬಾಗಿಲು ತೆರೆಯುತ್ತದೆ. ಆಜ್ಞೆಯು ಎಲ್ಲರಿಗೂ ಒಂದೇ ಆಗಿರಬೇಕು. ಖಜಾನೆಗೆ ನಷ್ಟವಾಗುತ್ತದೆಯೆಂದು ಹಣಕಾಸಿನವರು ಆಕ್ಷೇಪಿಸಿಯಾರು. ಸಕಾಲಕ್ಕೆ ಪತ್ರವನ್ನು ಮಾಡಿಕೊಟ್ಟಿದ್ದರೆ ಬರುತ್ತಿದ್ದಷ್ಟು ಹಣವೇ ಬರುತ್ತದೆ, ಅದನ್ನು ನಷ್ಟವೆನ್ನುವುದಕ್ಕಾಗದು. ಇಂಥ ಆಜ್ಞೆ ಬಂದರೆ ಕಡತವನ್ನು ತಡೆದಿಟ್ಟುಕೊಳ್ಳುವುದರಿಂದ ಸರ್ಕಾರಕ್ಕೆ ಕಾಸಿನ ಲಾಭವೂ ಉಳಿಯುವುದಿಲ್ಲವಾದ್ದರಿಂದ ಕಡತಗಳಿಗೆ ಸ್ವಲ್ಪ ಕಾಲು ಬಂದರೂ ಬರಬಹುದು.

ಈ ಮಾತುಗಳನ್ನು ಇಂದು ಹೇಳುವುದಕ್ಕೆ ಒಂದು ವಿಶೇಷ ಕಾರಣವಿದೆ. ಮಲೆನಾಡಿನಲ್ಲಿಯೂ ಕೊಡಗಿನಲ್ಲಿಯೂ ಕಾಫಿ, ಏಲಕ್ಕಿ, ಮೆಣಸು ಮೊದಲಾದ ತೋಟದ ಬೆಳೆಗಳಿಗಾಗಿ ಒತ್ತುವರಿಯಾಗಿರುವ ಸರ್ಕಾರಿ ಜಮೀನನ್ನು ಗರಿಷ್ಠ 25 ಎಕರೆಯವರೆಗೆ 30 ವರ್ಷದ ಗುತ್ತಿಗೆಗೆ ಕೊಡುವುದಕ್ಕಾಗಿ ಭೂಕಂದಾಯ ಶಾಸನಕ್ಕೆ 2022ರಲ್ಲಿ ತಿದ್ದುಪಡಿಯ ಮಸೂದೆಯನ್ನು ತರಲಾಯಿತು. ಒತ್ತುವರಿಗೆ ಹೀಗೆ ಗುತ್ತಿಗೆಯ ಗೌರವವನ್ನು ಕೊಡುವುದು ಸರಿಯೇ, ಭೂಹೀನನ ಗತಿಯೇನು ಎಂಬ ದೊಡ್ಡ ಪ್ರಶ್ನೆಯನ್ನು ಇನ್ನೊಂದು ದಿವಸಕ್ಕೆ ಇಟ್ಟುಕೊಳ್ಳುತ್ತೇವೆ. ಮುದ್ರಾಂಕದ ದೃಷ್ಟಿಯಿಂದ ಗಮನಿಸಬೇಕಾದದ್ದು ಆ 30 ಎಂಬ ಸಂಖ್ಯೆಯನ್ನು. ಹಗುರವಾದ ಶುಲ್ಕಕ್ಕೂ ಕ್ರಯದ ಶುಲ್ಕಕ್ಕೂ ನಡುವೆ ಶಾಸನವು ಗೆರೆಯೆಳೆದಿರುವುದು ಅಲ್ಲಿಯೇ. 'ಮತ್ತೆ ಅಷ್ಟೇ ಅವಧಿಗೆ ನವೀಕರಿಸಲಾಗುವುದು' ಎಂಬ ಒಂದು ಪಂಕ್ತಿ ಪತ್ರದೊಳಗೆ ನುಸುಳಿದರೆ ಅದು ಯಾವ ಕಡೆಗೆ ಬಿದ್ದೀತೆಂಬ ವಾದಕ್ಕೆ ಅವಕಾಶವಾಗುತ್ತದೆ. ಆ ಪಂಕ್ತಿ ಇಲ್ಲದಿದ್ದರೆ, ಮೂವತ್ತು ವರ್ಷದ ತರುವಾಯ ಬೆಳೆದು ನಿಂತ ತೋಟದೊಡನೆ ಗುತ್ತಿಗೆದಾರನು ಯಾವ ಆಧಾರದ ಮೇಲೆ ನಿಲ್ಲುತ್ತಾನೆಂಬ ಪ್ರಶ್ನೆ ಏಳುತ್ತದೆ.

ಆದುದರಿಂದ ಕಂದಾಯ ಇಲಾಖೆಯವರು ಈ ತೋಟದ ಗುತ್ತಿಗೆಗಳ ಮಾದರಿ ಪತ್ರದಲ್ಲಿ ನವೀಕರಣವುಂಟೋ ಇಲ್ಲವೋ, ಉಂಟಾದರೆ ಎಷ್ಟು ದಿವಸ ಮೊದಲು ಅರ್ಜಿ ಹಾಕಬೇಕು, ಸರ್ಕಾರವು ಎಷ್ಟು ದಿವಸದೊಳಗೆ ಉತ್ತರಿಸಬೇಕು, ಉತ್ತರಿಸದಿದ್ದರೆ ಯಾವ ದಿವಸದ ಬೆಲೆಯನ್ನು ಹಿಡಿಯಬೇಕು ಎಂಬ ನಾಲ್ಕು ಮಾತುಗಳನ್ನು ಬಿಡಿಸಿ ಬರೆಯಿಸಬೇಕು. ಆ ಮಾದರಿಗೆ ತಕ್ಕ ಮುದ್ರಾಂಕವೆಷ್ಟೆಂಬುದನ್ನು ನೋಂದಣಿ ಇಲಾಖೆಯಿಂದ ಗೊತ್ತುಮಾಡಿಸಿ ಎರಡನ್ನೂ ಒಟ್ಟಿಗೆ ರಾಜ್ಯಪತ್ರದಲ್ಲಿ ಪ್ರಕಟಿಸಬೇಕು. ಪಟ್ಟಣಗಳಲ್ಲಿ ವಾಯಿದೆ ತೀರಿಯೂ ಪತ್ರವಾಗದೆ ಉಳಿದಿರುವ ಹಳೆಯ ಗುತ್ತಿಗೆಗಳ ಪಟ್ಟಿಯನ್ನು, ಅರ್ಜಿ ಬಂದ ತಾರೀಖಿನೊಡನೆ, ಜಿಲ್ಲಾವಾರಾಗಿ ತಯಾರಿಸಿ ಶಾಸನಸಭೆಯ ಮುಂದಿನ ಅಧಿವೇಶನದಲ್ಲಿ ಮೇಜಿನ ಮೇಲಿಡುವಂತೆ ಕಂದಾಯ ಮಂತ್ರಿಗಳನ್ನು ನಮ್ಮ ಪ್ರತಿನಿಧಿಗಳು ಕೇಳುವರೆಂದು ನಂಬಿದ್ದೇವೆ.